ಸಾಕವ್ವ, ಗುಲಾಬಿ, ಪುಟ್ಟಕ್ಕ: ಒಬ್ಬ ನಟಿಯ ಮೂರು ಪಾತ್ರಗಳಲ್ಲಿ ಹಿರಿಯ ಹೆಣ್ಣಿನ ಚಿತ್ರಣ

1954ರ ‘ಬೇಡರ ಕಣ್ಣಪ್ಪ’ದಲ್ಲಿ ರಾಜ್‌ಕುಮಾರ್ ಅವರಿಗೆ ನಾಯಕಿಯಾಗಿದ್ದ ಪಂಡರಿಬಾಯಿ, 1986ರ ‘ಅನುರಾಗ ಅರಳಿತು’ ಚಿತ್ರದ ಹೊತ್ತಿಗೆ ಅದೇ ರಾಜ್‌ಕುಮಾರ್ ಅವರ ಕಾಯಿಲೆಯ ತಾಯಿಯಾಗಿದ್ದರು. ಇಬ್ಬರೂ ಹೆಚ್ಚುಕಡಿಮೆ ಒಂದೇ ವಯಸ್ಸಿನವರು. 1960ರ ಸುಮಾರಿಗೆ ಅವರೊಂದಿಗೆ ಜೋಡಿಯಾಗಿ ನಟಿಸಿದ್ದ ಲೀಲಾವತಿ ಅವರಂತೂ ರಾಜ್‌ಕುಮಾರ್ ಅವರಿಗಿಂತ ಕಿರಿಯರು. ಆದರೂ 1976ರ ‘ನಾ ನಿನ್ನ ಮರೆಯಲಾರೆ’ಯಲ್ಲಿ ಅವರ ತಾಯಿಯ ಪಾತ್ರ ವಹಿಸಿದರು. ಇದನ್ನು ಆಗ ಯಾರೂ ವಿಚಿತ್ರವೆಂದು ಭಾವಿಸಲಿಲ್ಲ, ಏಕೆಂದರೆ ಉದ್ಯಮದ ಲೆಕ್ಕದಲ್ಲಿ ನಟನಿಗೆ ಅಭಿಮಾನಿಗಳಿದ್ದರು, ನಟಿಗೆ ಇದ್ದುದು ವಯಸ್ಸು ಮಾತ್ರ. ಮೂವತ್ತೈದು ದಾಟಿದ ಹೆಣ್ಣಿಗೆ ತೆರೆಯ ಮೇಲೆ ತೆರೆದಿದ್ದ ಬಾಗಿಲು ಒಂದೇ, ಅದು ‘ತಾಯಿ ಸೆಂಟಿಮೆಂಟ್’. ಆ ಬಾಗಿಲಿನ ಒಳಗೆ ಹೋದವಳ ಕೆಲಸವೆಂದರೆ ಮಗನಿಗಾಗಿ ಕಾಯುವುದು, ಕೆಮ್ಮುವುದು, ಹರಸುವುದು ಮತ್ತು ಕಥೆಗೆ ಬೇಕಾದ ಹೊತ್ತಿನಲ್ಲಿ ಪ್ರಾಣ ಬಿಡುವುದು.

ಈ ಸ್ಥಿತಿ ಬದಲಾಗಿದೆ ಎಂಬ ಮಾತು ಈಚಿನ ವರ್ಷಗಳಲ್ಲಿ ಮತ್ತೆ ಮತ್ತೆ ಕೇಳಿಬರುತ್ತಿದೆ. ಹಿಂದಿಯಲ್ಲಿ 2018ರ ‘ಬಧಾಯಿ ಹೋ’ ಚಿತ್ರದ ನೀನಾ ಗುಪ್ತಾ ಅವರ ಪಾತ್ರವನ್ನು ಇದಕ್ಕೆ ಉದಾಹರಣೆಯಾಗಿ ಎಲ್ಲರೂ ಕೊಡುತ್ತಾರೆ. ಆದರೆ ಬದಲಾವಣೆ ನಿಜವಾಗಿ ಎಲ್ಲಿ ಆಗಿದೆ, ಎಲ್ಲಿ ಆಗಿಲ್ಲ ಎಂಬುದನ್ನು ತೂಗಿ ನೋಡಬೇಕಾದರೆ ಬೇರೆ ಬೇರೆ ಚಿತ್ರಗಳ ಹೆಸರುಗಳನ್ನು ಪೋಣಿಸುವುದಕ್ಕಿಂತ, ರಂಗಭೂಮಿ, ಸಿನಿಮಾ, ಕಿರುತೆರೆ ಮೂರನ್ನೂ ಹಾದುಬಂದ ಒಬ್ಬ ನಟಿಯ ಜಾಡು ಹಿಡಿದು ಹೋಗುವುದು ಹೆಚ್ಚು ಉಪಯುಕ್ತ. ಕನ್ನಡದಲ್ಲಿ ಅಂಥ ಜಾಡು ಉಮಾಶ್ರೀ ಅವರದು. ಅವರ ವೃತ್ತಿಜೀವನದ ಮೂರು ಪಾತ್ರಗಳನ್ನು ಇಲ್ಲಿ ಒಂದೇ ಪ್ರಕರಣವಾಗಿ ಪರಿಶೀಲಿಸಲಾಗಿದೆ. ಅವುಗಳ ಮುಂದೆ ಇಟ್ಟಿರುವ ಪ್ರಶ್ನೆ ಸರಳವಾದದ್ದು: ಈ ಹೆಣ್ಣಿಗೆ ತನಗೆಂದೇ ಬೇಕಾದದ್ದು ಏನಾದರೂ ಇದೆಯೇ, ಇದ್ದರೆ ಕಥೆ ಅದನ್ನು ಹೇಗೆ ನಡೆಸಿಕೊಳ್ಳುತ್ತದೆ?

ಹುಂಜ ಕಳೆದುಕೊಂಡ ಮುದುಕಿ

ಉಮಾಶ್ರೀ ಹುಟ್ಟಿದ್ದು 1957ರಲ್ಲಿ, ತುಮಕೂರು ಜಿಲ್ಲೆಯ ನೊಣವಿನಕೆರೆಯಲ್ಲಿ. ಜನಪ್ರಿಯ ಸಿನಿಮಾದ ಪ್ರೇಕ್ಷಕರು ಅವರನ್ನು ಗುರುತಿಸಲು ತೊಡಗಿದ್ದು ಕಾಶಿನಾಥ್ ಅವರ ‘ಅನುಭವ’ದಿಂದ (1984). ಮುಂದೆ ಎನ್.ಎಸ್. ರಾವ್ ಅವರೊಂದಿಗಿನ ಹಾಸ್ಯಜೋಡಿ ಎಷ್ಟು ಓಡಿತೆಂದರೆ, ಒಂದು ತಲೆಮಾರಿನ ಪ್ರೇಕ್ಷಕರಿಗೆ ಉಮಾಶ್ರೀ ಎಂದರೆ ದ್ವಂದ್ವಾರ್ಥದ ಮಾತು, ಜೋರು ಬಾಯಿ ಎಂದೇ ಆಯಿತು. ಅದೇ ಕಾಲದ ಹವ್ಯಾಸಿ ರಂಗಭೂಮಿಯ ಪ್ರೇಕ್ಷಕರಿಗೆ ಅವರು ಬೇರೆಯೇ ವ್ಯಕ್ತಿ. ದೇವನೂರ ಮಹಾದೇವ ಅವರ ‘ಒಡಲಾಳ’ ನೀಳ್ಗತೆಯನ್ನು ರಂಗನಿರ್ದೇಶಕ ಸಿಜಿಕೆ ರಂಗಕ್ಕೆ ತಂದಾಗ ಅದರ ಕೇಂದ್ರದಲ್ಲಿರುವ ಮುದುಕಿ ಸಾಕವ್ವನ ಪಾತ್ರವನ್ನು ವಹಿಸಿದ್ದು, ಇನ್ನೂ ಯುವತಿಯಾಗಿದ್ದ ಉಮಾಶ್ರೀ. ಆ ಅಭಿನಯದ ಖ್ಯಾತಿ ಇಂದಿಗೂ ರಂಗಭೂಮಿಯವರ ಬಾಯಲ್ಲಿ ಉಳಿದಿದೆ.

ಸಾಕವ್ವನ ಕಥೆ ಶುರುವಾಗುವುದೇ ಅವಳ ಹುಂಜ ಕಳೆದುಹೋದಲ್ಲಿಂದ. ಅದಕ್ಕಾಗಿ ಅವಳು ಊರೆಲ್ಲ ತಡಕುತ್ತಾಳೆ, ಸಿಕ್ಕಿದವರನ್ನು ವಿಚಾರಿಸುತ್ತಾಳೆ, ಶಾಪ ಹಾಕುತ್ತಾಳೆ. ಮನೆಯೊಳಗೆ ಮಕ್ಕಳು, ಸೊಸೆಯಂದಿರು, ಮೊಮ್ಮಕ್ಕಳು, ಹಸಿವು; ರಾತ್ರಿ ಮಗ ಸಾಹುಕಾರನಲ್ಲಿಂದ ಕದ್ದು ತಂದ ಕಡಲೆಕಾಯಿಯನ್ನು ಇಡೀ ಸಂಸಾರ ಬೆಂಕಿಯ ಸುತ್ತ ಕುಳಿತು ತಿಂದು ಮುಗಿಸುತ್ತದೆ; ಮಾರನೆಯ ದಿನ ಪೊಲೀಸರು ಬರುತ್ತಾರೆ. ಇಷ್ಟೆಲ್ಲ ನಡೆಯುವಾಗಲೂ ಸಾಕವ್ವನ ತಲೆಯಿಂದ ಹುಂಜ ಹೋಗುವುದಿಲ್ಲ. ಗಮನಿಸಬೇಕಾದ ಅಂಶವೆಂದರೆ, ಈ ಹುಂಜ ಮಗನ ಭವಿಷ್ಯವೂ ಅಲ್ಲ, ಮನೆತನದ ಮಾನವೂ ಅಲ್ಲ. ಅದು ಅವಳದು, ಅಷ್ಟೆ. ಸಾಕವ್ವ ತಾಯಿ, ಅಜ್ಜಿ, ಸಂಸಾರದ ಯಜಮಾನಿ ಎಲ್ಲವೂ ಹೌದು. ಆದರೆ ಅವಳನ್ನು ನಡೆಸುವ ಶಕ್ತಿ ಆ ಸಂಬಂಧಗಳಲ್ಲಿ ಯಾವುದೂ ಅಲ್ಲ. ದಲಿತ ಕೇರಿಯ ಒಬ್ಬ ಮುದುಕಿಯ ಹಟವನ್ನೇ ಕಥೆಯ ಬೆನ್ನೆಲುಬಾಗಿಸುವ ಧೈರ್ಯವನ್ನು ನಮ್ಮ ಸಾಹಿತ್ಯವೂ ರಂಗಭೂಮಿಯೂ ತೋರಿದ್ದ ಆ ವರ್ಷಗಳಲ್ಲಿಯೇ, ಅದೇ ನಟಿಗೆ ಮುಖ್ಯವಾಹಿನಿಯ ಸಿನಿಮಾ ಕೊಟ್ಟದ್ದು ನಗಿಸುವ ಕೆಲಸವನ್ನು. ಹಾಗೆಂದು ಆ ಹಾಸ್ಯಪಾತ್ರಗಳನ್ನು ಕೀಳಾಗಿ ಕಾಣಬೇಕಾಗಿಲ್ಲ. ಚಪಲ, ಆಸೆ, ತುಂಟತನ ಇರುವ ಹೆಣ್ಣಿಗೆ ಆಗಿನ ಸಿನಿಮಾದಲ್ಲಿ ನಾಯಕಿಯ ಸ್ಥಾನವೂ ಇರಲಿಲ್ಲ, ತಾಯಿಯ ಸ್ಥಾನವೂ ಇರಲಿಲ್ಲ. ಇದ್ದದ್ದು ಹಾಸ್ಯದ ಟ್ರ್ಯಾಕ್ ಮಾತ್ರ. ಅಲ್ಲಿ ಆಸೆಗೆ ಅವಕಾಶವಿತ್ತು, ಗೌರವಕ್ಕೆ ಇರಲಿಲ್ಲ.

ಟಿ.ವಿ. ಬಂದ ಮನೆ

ಗಿರೀಶ ಕಾಸರವಳ್ಳಿ ಅವರ ‘ಗುಲಾಬಿ ಟಾಕೀಸ್’ 2008ರಲ್ಲಿ ತೆರೆಕಂಡಿತು; 2007ರ ಸಾಲಿನ, ಅಂದರೆ 55ನೆಯ ರಾಷ್ಟ್ರೀಯ ಚಲನಚಿತ್ರ ಪ್ರಶಸ್ತಿಗಳಲ್ಲಿ ಈ ಚಿತ್ರದ ಅಭಿನಯಕ್ಕಾಗಿ ಉಮಾಶ್ರೀ ಶ್ರೇಷ್ಠ ನಟಿಯಾದರು. ಅದಕ್ಕೂ ಹಿಂದೆ ಕನ್ನಡ ಚಿತ್ರಗಳ ಅಭಿನಯಕ್ಕೆ ಈ ಗೌರವ ಬಂದದ್ದು ‘ಕಾಡು’ ಚಿತ್ರದ ನಂದಿನಿ ಭಕ್ತವತ್ಸಲ ಮತ್ತು ‘ಹಸೀನಾ’ ಚಿತ್ರದ ತಾರಾ ಅವರಿಗೆ. ಐವತ್ತರ ಆಸುಪಾಸಿನಲ್ಲಿದ್ದ, ಹಾಸ್ಯನಟಿಯೆಂದೇ ಹೆಸರಾಗಿದ್ದ ಒಬ್ಬರಿಗೆ ಈ ಪ್ರಶಸ್ತಿ ಬಂದದ್ದನ್ನು ಪತ್ರಿಕೆಗಳು ಸಂಭ್ರಮಿಸಿದವು. ಆದರೆ ಪ್ರಶಸ್ತಿಗಿಂತ ಪಾತ್ರದ ಕಟ್ಟಡವೇ ಈ ಅಧ್ಯಯನಕ್ಕೆ ಮುಖ್ಯ.

ಚಿತ್ರಕ್ಕೆ ಆಧಾರವಾದ ವೈದೇಹಿ ಅವರ ಕಥೆಯಲ್ಲಿ ಗುಲಾಬಿ ಟಾಕೀಸ್ ಎಂಬುದು ಊರಿಗೆ ಬಂದ ಚಿತ್ರಮಂದಿರ. ಕಾಸರವಳ್ಳಿ ಅದನ್ನು ಬದಲಿಸಿ, ಗುಲಾಬಿಯನ್ನು ಒಬ್ಬ ಹೆಣ್ಣಾಗಿಸಿದರು. ಚಿತ್ರಮಂದಿರದ ಜಾಗಕ್ಕೆ ಟಿ.ವಿ.ಯನ್ನು ತಂದರು, ಕಾಲವನ್ನು ಕಾರ್ಗಿಲ್ ಯುದ್ಧದ ದಿನಗಳಿಗೆ, ಅಂದರೆ 1999ರ ಸುಮಾರಿಗೆ ಸರಿಸಿದರು. ಗುಲಾಬಿ ಕುಂದಾಪುರದ ಕಡೆಯ ಮೀನುಗಾರರ ನಡುವೆ ಬದುಕುವ ಮುಸ್ಲಿಂ ಸೂಲಗಿತ್ತಿ. ಗಂಡ ಮೂಸಾ ಇನ್ನೊಬ್ಬಳೊಂದಿಗೆ ಸಂಸಾರ ಹೂಡಿ ಇವಳನ್ನು ಬಿಟ್ಟಿದ್ದಾನೆ. ಇವಳಿಗೆ ಮಕ್ಕಳಿಲ್ಲ. ಇವಳಿಗಿರುವುದು ಸಿನಿಮಾದ ಹುಚ್ಚು.

ಚಿತ್ರದ ಒಂದು ಪ್ರಸಂಗವನ್ನು ಹತ್ತಿರದಿಂದ ನೋಡಬೇಕು. ಊರಿನ ಸ್ಥಿತಿವಂತರ ಮನೆಯಲ್ಲಿ ಹೆರಿಗೆ ಕಷ್ಟಕ್ಕಿಟ್ಟುಕೊಂಡಿದೆ; ಗುಲಾಬಿಯನ್ನು ಕರೆಯಲು ಜನ ಬರುತ್ತಾರೆ. ಅವಳಿಗೆ ಸಿನಿಮಾ ಬಿಟ್ಟು ಬರಲು ಮನಸ್ಸಿಲ್ಲ. ಕೊನೆಗೆ ಅವಳನ್ನು ಟಾಕೀಸಿನಿಂದ ಬಲವಂತವಾಗಿಯೇ ಎಬ್ಬಿಸಿಕೊಂಡು ಹೋಗುತ್ತಾರೆ. ಹೆರಿಗೆ ಸುಸೂತ್ರವಾಗಿ ಆಗುತ್ತದೆ; ಆ ಋಣಕ್ಕೆ ಪ್ರತಿಯಾಗಿ ಅವಳ ಮನೆಗೆ ಡಿಶ್ ಆಂಟೆನಾ ಸಮೇತ ಬಣ್ಣದ ಟಿ.ವಿ. ಬರುತ್ತದೆ. ಹಳೆಯ ಮಾದರಿಯ ಚಿತ್ರದಲ್ಲಿ ಸೂಲಗಿತ್ತಿ ಎಂದರೆ ಕರೆದ ಕೂಡಲೇ ಓಡಿಬರುವ ತಾಯಿಯಂಥವಳು. ಸೇವೆಯೇ ಅವಳ ಗುಣ. ಇಲ್ಲಿ ಸೇವೆ ಅವಳ ಕಸುಬು, ಕೈಗುಣ ಅವಳ ಬಂಡವಾಳ, ಆದರೆ ಮನಸ್ಸು ಇರುವುದು ತೆರೆಯ ಮೇಲೆ. ಮ್ಯಾಟಿನಿ ಬಿಟ್ಟುಕೊಡಲು ಒಪ್ಪದ ಸೂಲಗಿತ್ತಿಯನ್ನು ಚಿತ್ರ ಸ್ವಾರ್ಥಿಯೆಂದು ದೂರುವುದಿಲ್ಲ, ತಮಾಷೆಯ ವಸ್ತುವಾಗಿಸುವುದೂ ಇಲ್ಲ. ಹಾಸ್ಯದ ಟ್ರ್ಯಾಕಿನಲ್ಲಿ ಉಮಾಶ್ರೀ ವರ್ಷಗಟ್ಟಲೆ ನಗಿಸಲೆಂದು ಬಳಸಿದ್ದ ಆ ಚಡಪಡಿಕೆ, ಆ ಕಣ್ಣಿನ ಮಿಂಚು, ಆ ಮಾತಿನ ಓಘ ಇಲ್ಲಿ ಹಾಗೆಯೇ ಇವೆ. ಅವುಗಳ ಸುತ್ತಲಿನ ನೋಟ ಮಾತ್ರ ಬದಲಾಗಿದೆ.

ಟಿ.ವಿ. ಬಂದ ಮೇಲೆ ಆ ಮನೆ ಊರಿನ ಹೆಂಗಸರು ಕಲೆಯುವ ಜಾಗವಾಗುತ್ತದೆ. ಜಾತಿ, ಮತದ ಕಾರಣಕ್ಕೆ ಒಳಗೆ ಕಾಲಿಡಲು ಹಿಂಜರಿಯುವವರು ಹೊರಗಿನಿಂದಲೇ ಇಣುಕುತ್ತಾರೆ. ಉಳಿದವರು ಒಳಗೆ ಕುಳಿತು ಧಾರಾವಾಹಿ ನೋಡುತ್ತಾ ತಮ್ಮ ಸಂಸಾರದ ಮಾತನ್ನೂ ಆಡತೊಡಗುತ್ತಾರೆ. ಅವರಲ್ಲಿ ನೇತ್ರು ಎಂಬ ಕಿರಿಯಳು ಗುಲಾಬಿಗೆ ಹತ್ತಿರವಾಗುತ್ತಾಳೆ. ಒಂದು ದಿನ ನೇತ್ರು ಕಾಣೆಯಾದಾಗ ದೂರು ಗುಲಾಬಿಯ ತಲೆಗೆ ಬರುತ್ತದೆ. ಅಷ್ಟರಲ್ಲಿ ಮೀನುಗಾರಿಕೆಯ ಪೈಪೋಟಿ ಕೋಮುದ್ವೇಷದ ಬಣ್ಣ ಪಡೆದಿರುತ್ತದೆ, ಯುದ್ಧದ ಸುದ್ದಿ ಅದಕ್ಕೆ ತುಪ್ಪ ಸುರಿಯುತ್ತದೆ, ಗುಲಾಬಿ ಊರು ಬಿಡಬೇಕಾಗುತ್ತದೆ.

ಇಲ್ಲಿ ಒಂದು ಭಿನ್ನಾಭಿಪ್ರಾಯವನ್ನು ದಾಖಲಿಸಬೇಕು. ಈ ಚಿತ್ರದ ಚರ್ಚೆ ಬಹುಮಟ್ಟಿಗೆ ಜಾಗತೀಕರಣ ಮತ್ತು ಕೋಮುವಾದದ ಸುತ್ತಲೇ ನಡೆದಿದೆ; ಗುಲಾಬಿಯನ್ನು ಒಂದು ಸಮುದಾಯದ ಪ್ರತಿನಿಧಿಯಾಗಿ ಓದುವುದು ರೂಢಿ. ಆ ಓದು ತಪ್ಪಲ್ಲ. ಆದರೆ ಅವಳಿಗಾದ ಶಿಕ್ಷೆಗೆ ಅವಳ ಮತವೊಂದೇ ಕಾರಣವಲ್ಲ ಎಂದು ನನಗೆ ತೋರುತ್ತದೆ. ಗಂಡನಿಲ್ಲದ, ಮಕ್ಕಳಿಲ್ಲದ ನಡುವಯಸ್ಸಿನ ಹೆಣ್ಣೊಬ್ಬಳು ತನ್ನ ಖುಷಿಗಾಗಿ ಮನೆಯನ್ನು ತೆರೆದಿಟ್ಟಳು. ಉಳಿದ ಹೆಂಗಸರಿಗೂ ಆ ಖುಷಿಯ ರುಚಿ ಹತ್ತಿತು. ಊರಿಗೆ ಅದೂ ಸಹಿಸಲಾಗದ ಸಂಗತಿಯೇ. ನೇತ್ರು ಹೋದದ್ದಕ್ಕೆ ಅವಳನ್ನು ಹೊಣೆಯಾಗಿಸಿದಾಗ ಊರಿನ ಬಾಯಿಂದ ಬಂದದ್ದು ಈ ಅಸಹನೆಯೂ ಹೌದು. ಗುಲಾಬಿಗೆ ಒಬ್ಬ ಮಗನಿದ್ದು, ಅವಳು ಅವನಿಗಾಗಿ ಕಣ್ಣೀರಿಡುವವಳಾಗಿದ್ದರೆ, ಅದೇ ಊರು ಅವಳ ಮತವನ್ನು ಎಷ್ಟರಮಟ್ಟಿಗೆ ಮರೆಯುತ್ತಿತ್ತೋ ಹೇಳಲಾಗದು. ಆದರೆ ಪ್ರೇಕ್ಷಕರು ಅವಳನ್ನು ಇನ್ನಷ್ಟು ಸುಲಭವಾಗಿ ಒಪ್ಪಿಕೊಳ್ಳುತ್ತಿದ್ದರು ಎಂಬುದರಲ್ಲಿ ಸಂಶಯವಿಲ್ಲ. 2005ರ ‘ಜೋಗಿ’ಯಲ್ಲಿ ಮಗನನ್ನು ಹುಡುಕಿ ಬೆಂಗಳೂರಿಗೆ ಬರುವ ತಾಯಿಯ ಪಾತ್ರದಲ್ಲಿ ಅರುಂಧತಿ ನಾಗ್ ಅವರನ್ನು ನೋಡಿ ಇಡೀ ರಾಜ್ಯ ಅತ್ತಿತ್ತು. ಆ ಅಭಿನಯ ಅದ್ಭುತವಾದದ್ದೇ. ಆದರೆ ಅದರ ಅಚ್ಚು ಪಂಡರಿಬಾಯಿಯವರ ಕಾಲದ್ದು.

ಮೆಸ್ಸಿನ ಒಡತಿ

ಮೂರನೆಯ ಪಾತ್ರಕ್ಕೂ ಎರಡನೆಯದಕ್ಕೂ ನಡುವೆ ರಾಜಕಾರಣದ ಒಂದು ಅಧ್ಯಾಯವೇ ಇದೆ. 2013ರಲ್ಲಿ ತೇರದಾಳ ಕ್ಷೇತ್ರದಿಂದ ವಿಧಾನಸಭೆಗೆ ಆಯ್ಕೆಯಾದ ಉಮಾಶ್ರೀ, ಸಿದ್ದರಾಮಯ್ಯನವರ ಸಂಪುಟದಲ್ಲಿ ಮಹಿಳಾ ಮತ್ತು ಮಕ್ಕಳ ಅಭಿವೃದ್ಧಿ ಹಾಗೂ ಕನ್ನಡ ಮತ್ತು ಸಂಸ್ಕೃತಿ ಖಾತೆಗಳ ಸಚಿವೆಯಾಗಿದ್ದರು; 2018ರ ಚುನಾವಣೆಯಲ್ಲಿ ಸೋತರು. 2021ರ ಡಿಸೆಂಬರ್‌ನಲ್ಲಿ, ಅರವತ್ತನಾಲ್ಕರ ವಯಸ್ಸಿನಲ್ಲಿ, ಜೀ ಕನ್ನಡ ವಾಹಿನಿಯ ‘ಪುಟ್ಟಕ್ಕನ ಮಕ್ಕಳು’ ಧಾರಾವಾಹಿಯ ಶೀರ್ಷಿಕೆಯ ಪಾತ್ರದಲ್ಲಿ ಕಾಣಿಸಿಕೊಂಡರು. ಆರೂರು ಜಗದೀಶ್ ನಿರ್ದೇಶನದ ಈ ಧಾರಾವಾಹಿ ತೆಲುಗಿನ ‘ರಾಧಮ್ಮ ಕೂತುರು’ ಆಧರಿಸಿದ್ದು. ಬಹುಕಾಲ ಕನ್ನಡ ಕಿರುತೆರೆಯ ಟಿಆರ್‌ಪಿ ಪಟ್ಟಿಯ ತುದಿಯಲ್ಲಿತ್ತು. 2023ರಲ್ಲಿ ವಿಧಾನ ಪರಿಷತ್ತಿಗೆ ನಾಮಕರಣಗೊಂಡಾಗಲೂ ಅವರು ಪುಟ್ಟಕ್ಕನಾಗಿಯೇ ಮನೆಮಾತಾಗಿದ್ದರು.

ಪುಟ್ಟಕ್ಕನ ಕಥೆಯ ಚೌಕಟ್ಟು ಹೀಗಿದೆ: ಮೂವರೂ ಹೆಣ್ಣುಮಕ್ಕಳೇ ಹುಟ್ಟಿದರೆಂಬ ಕಾರಣಕ್ಕೆ ಗಂಡ ಗೋಪಾಲಯ್ಯ ಅವಳನ್ನು ಬಿಟ್ಟು ರಾಜೇಶ್ವರಿಯೊಂದಿಗೆ ಸಂಸಾರ ಮಾಡಿದ್ದಾನೆ. ಪುಟ್ಟಕ್ಕ ಹಳ್ಳಿಯಲ್ಲಿ ಮೆಸ್ ನಡೆಸಿ ಸಹನಾ, ಸ್ನೇಹಾ, ಸುಮಾ ಮೂವರನ್ನೂ ಓದಿಸುತ್ತಾಳೆ. ಎದುರಿಗೆ, ಊರಿಗೆಲ್ಲ ಸಾಲ ಕೊಟ್ಟು ಬಡ್ಡಿ ಎಣಿಸುವ ಬಂಗಾರಮ್ಮ. ಆ ಪಾತ್ರದಲ್ಲಿ ಮಂಜುಭಾಷಿಣಿ ಅವರು ತುಂಬಿದ ಗತ್ತು ಪುಟ್ಟಕ್ಕನ ಸೌಮ್ಯಕ್ಕೆ ಸರಿಯಾದ ಜೋಡಿ. ಹಣ, ಸಾಲ, ಅಡುಗೆ, ಅಂಗಡಿ ಇವುಗಳ ವ್ಯವಹಾರ ಇಬ್ಬರು ಹಿರಿಯ ಹೆಂಗಸರ ನಡುವೆ ನಡೆಯುವುದು, ಗಂಡಸರು ಅದರ ಅಂಚಿನಲ್ಲಿ ಓಡಾಡುವುದು ಜನಪ್ರಿಯ ಧಾರಾವಾಹಿಯಲ್ಲಿ ಸಣ್ಣ ಸಂಗತಿಯಲ್ಲ. ಪಂಡರಿಬಾಯಿಯವರ ಕಾಲದ ತಾಯಿಯ ಕೈಯಲ್ಲಿ ಸಾಮಾನ್ಯವಾಗಿ ಇರುತ್ತಿದ್ದುದು ಹೊಲಿಗೆ ಯಂತ್ರ ಇಲ್ಲವೇ ಆರತಿ ತಟ್ಟೆ. ಮಗ ದೊಡ್ಡವನಾದ ಕೂಡಲೇ ಹೊಲಿಗೆ ಯಂತ್ರವೂ ಮೂಲೆಗೆ ಸರಿಯುತ್ತಿತ್ತು. ಪುಟ್ಟಕ್ಕನ ಒಲೆ ಮಕ್ಕಳು ಬೆಳೆದ ಮೇಲೂ ಆರುವುದಿಲ್ಲ. ಅನ್ನ ಹಾಕುವ ಗುಣ ಅವಳ ಮಮತೆಯ ಗುರುತಾಗಿರುವಷ್ಟೇ ಅವಳ ವ್ಯಾಪಾರವೂ ಆಗಿದೆ, ಮತ್ತು ಊರಿನಲ್ಲಿ ಅವಳಿಗೆ ಸಿಕ್ಕ ಮರ್ಯಾದೆ ಈ ಎರಡರಿಂದಲೂ ಬಂದದ್ದು.

ಇಂಥ ಪಾತ್ರಕ್ಕೆ ಕಿರುತೆರೆಯಲ್ಲಿ ಜಾಗ ಸಿಕ್ಕಿದ್ದಕ್ಕೆ ಕಾರಣ ಉದ್ಯಮದ ಔದಾರ್ಯವಲ್ಲ. ಸಿನಿಮಾದ ಹೂಡಿಕೆ ನಿಂತಿರುವುದು ನಾಯಕನಟನ ಮಾರುಕಟ್ಟೆಯ ಮೇಲೆ. ಮೊದಲ ದಿನ ಚಿತ್ರಮಂದಿರಕ್ಕೆ ಬರುವವರು ಹೆಚ್ಚಾಗಿ ಹುಡುಗರು. ಧಾರಾವಾಹಿಯ ಲೆಕ್ಕ ಬೇರೆ. ಅದನ್ನು ದಿನವೂ ತಪ್ಪದೆ ನೋಡುವವರಲ್ಲಿ ಗೃಹಿಣಿಯರು, ಅಜ್ಜಿಯರು, ದುಡಿದು ಮನೆಗೆ ಬಂದ ಹೆಂಗಸರು ದೊಡ್ಡ ಪಾಲು. 2015ರಲ್ಲಿ ಟಿ.ವಿ. ವೀಕ್ಷಕರ ಸಂಖ್ಯೆಯನ್ನು ಅಳೆಯುವ ಬಾರ್ಕ್ ಸಂಸ್ಥೆಯ ಮಾಪನ ಬಂದು ಗ್ರಾಮೀಣ ವೀಕ್ಷಕರೂ ಲೆಕ್ಕಕ್ಕೆ ಸಿಕ್ಕ ಮೇಲೆ, ಬೆಂಗಳೂರಿನ ಬಂಗಲೆಯೊಳಗಿನ ಅತ್ತೆ–ಸೊಸೆಯ ಜಗಳಕ್ಕಿಂತ ಹಳ್ಳಿಯ ಮೆಸ್ಸು ಹೆಚ್ಚು ಜನರಿಗೆ ತಟ್ಟಬಲ್ಲದೆಂಬುದು ವಾಹಿನಿಗಳಿಗೂ ಮನವರಿಕೆಯಾಗಿರಬೇಕು. ಅದರ ಮೇಲೆ ಉಮಾಶ್ರೀ ಅವರ ಹೆಸರು. ಹೊಸ ಮುಖಗಳ ನಾಯಕ, ನಾಯಕಿಯರಿರುವ ಧಾರಾವಾಹಿಗೆ ಮೊದಲ ವಾರವೇ ಜನರನ್ನು ಎಳೆದು ತರಲು ಪರಿಚಿತ ಮುಖವೊಂದು ಬೇಕು. ಆ ಪರಿಚಿತ ಮುಖ ಇಲ್ಲಿ ಹಿರಿಯ ನಟಿಯದು. ಸಿನಿಮಾದಲ್ಲಿ ಅವರ ವಯಸ್ಸು ಮಾರುಕಟ್ಟೆಗೆ ಹೊರೆಯಾಗಿದ್ದರೆ, ಕಿರುತೆರೆಯಲ್ಲಿ ಅದೇ ಬಂಡವಾಳವಾಯಿತು.

ಈಗ ಆರಂಭದ ಪ್ರಶ್ನೆಯನ್ನು ಪುಟ್ಟಕ್ಕನಿಗೂ ಕೇಳಬೇಕು. ಅವಳಿಗೆ ತನಗೆಂದೇ ಬೇಕಾದದ್ದು ಏನು? ಮಕ್ಕಳ ಓದು, ಮಕ್ಕಳ ಮದುವೆ, ಮಕ್ಕಳ ಸಂಸಾರ, ಮೆಸ್ಸಿನ ಉಳಿವು, ಅದೂ ಮಕ್ಕಳಿಗಾಗಿ. ತನ್ನನ್ನು ತೊರೆದು ಹೋದ ಗಂಡನ ವಿಷಯದಲ್ಲೂ ಅವಳ ಸಿಟ್ಟಿಗಿಂತ ಅವಳ ತಾಳ್ಮೆಗೇ ಧಾರಾವಾಹಿ ಹೆಚ್ಚು ಹೊತ್ತು ಕೊಡುತ್ತದೆ. ಗುಲಾಬಿಗೆ ಇದ್ದ ಸಿನಿಮಾದ ಹುಚ್ಚಿನಂಥದ್ದು, ಸಾಕವ್ವನ ಹುಂಜದಂಥದ್ದು, ಯಾರ ಒಳಿತಿಗೂ ಸಂಬಂಧವಿಲ್ಲದ ಒಂದು ಸಣ್ಣ ಚಟ ಕೂಡ ಪುಟ್ಟಕ್ಕನ ಪಾತ್ರದ ಕೇಂದ್ರದಲ್ಲಿಲ್ಲ. ಅಂದರೆ ಹಿರಿಯ ಹೆಣ್ಣು ಕಥೆಯ ಅಂಚಿನಿಂದ ನಡುವಿಗೆ ಬಂದಿದ್ದಾಳೆ, ದುಡಿಮೆ ಮತ್ತು ಘನತೆ ಎರಡನ್ನೂ ಪಡೆದಿದ್ದಾಳೆ. ಬಯಕೆಯನ್ನು ಮಾತ್ರ ಬಾಗಿಲಲ್ಲೇ ಬಿಟ್ಟು ಬಂದಿದ್ದಾಳೆ. ಹಾಸ್ಯದ ಟ್ರ್ಯಾಕಿನ ಉಮಾಶ್ರೀಗೆ ಆಸೆಯಿತ್ತು, ಗೌರವವಿರಲಿಲ್ಲ. ಧಾರಾವಾಹಿಯ ಉಮಾಶ್ರೀಗೆ ಗೌರವವಿದೆ, ಆಸೆಯಿಲ್ಲ. ಎರಡೂ ಒಟ್ಟಿಗೆ ಸಿಕ್ಕಿದ್ದು ಗುಲಾಬಿಗೆ. ಅವಳನ್ನು ನೋಡಿದವರ ಸಂಖ್ಯೆ ಪುಟ್ಟಕ್ಕನನ್ನು ನೋಡಿದವರ ಎದುರಿಗೆ ತೀರಾ ಚಿಕ್ಕದು.

ಈ ಕೊರತೆಯನ್ನು ಕಿರುತೆರೆಯ ಮಾಧ್ಯಮದ ಮೇಲೆಯೇ ಹೊರಿಸುವುದು ಸರಿಯಾಗದು ಎಂಬುದಕ್ಕೆ ಅದೇ ವಾಹಿನಿಯಲ್ಲಿ 2022ರಲ್ಲಿ ಶುರುವಾದ ‘ಶ್ರೀರಸ್ತು ಶುಭಮಸ್ತು’ ಸಾಕ್ಷಿ. ಅದರ ನಾಯಕಿ ತುಳಸಿ, ಗಂಡನನ್ನು ಕಳೆದುಕೊಂಡು ಮಕ್ಕಳನ್ನು ಬೆಳೆಸಿದವಳು, ನಡುವಯಸ್ಸು ದಾಟಿದ ಮೇಲೆ ಮಾಧವನನ್ನು ಮದುವೆಯಾಗುತ್ತಾಳೆ. ಸ್ನೇಹವಾಗಿ ಶುರುವಾದದ್ದು ಮದುವೆಗೆ ಬಂದು ನಿಲ್ಲುವವರೆಗೆ, ತಾಯಿಯ ಮರುಮದುವೆ ಸರಿಯೇ ಎಂಬ ಪ್ರಶ್ನೆಯನ್ನು ಧಾರಾವಾಹಿ ಮನೆಮನೆಯ ನಡುಮನೆಗೆ ತಂದಿತು. ತುಳಸಿಯಾಗಿ ನಟಿಸಿದ ಸುಧಾರಾಣಿ 1986ರ ‘ಆನಂದ್’ ಚಿತ್ರದಲ್ಲಿ ಶಿವರಾಜ್‌ಕುಮಾರ್ ಅವರೊಂದಿಗೆ ನಾಯಕಿಯಾಗಿ ಬಂದವರು. ತುಳಸಿಯ ಕಥೆ ಶುರುವಾದ 2022ರಲ್ಲೇ ಶಿವರಾಜ್‌ಕುಮಾರ್ ‘ವೇದ’ದ ನಾಯಕರಾಗಿದ್ದರು, ಅವರ ಪತ್ನಿಯ ಪಾತ್ರದಲ್ಲಿದ್ದವರು ಗಾನವಿ ಲಕ್ಷ್ಮಣ್. ಬೆಳ್ಳಿತೆರೆಯ ಗಣಿತ 1986ರಿಂದ ಹೆಚ್ಚೇನೂ ಬದಲಾಗಿಲ್ಲ. ಬದಲಾದದ್ದೆಂದರೆ, ಅದು ಹೊರಗಿಟ್ಟವರಿಗೆ ಪಕ್ಕದಲ್ಲಿ ಇನ್ನೊಂದು ತೆರೆ ದೊರಕಿದೆ. ಆ ತೆರೆಯ ಮೇಲೆ ತುಳಸಿಗೆ ಪ್ರೀತಿಸುವ ಹಕ್ಕು ಸಿಕ್ಕಿತು. ಅದೂ ಪೂರ್ತಿಯಾಗಿ ಅಲ್ಲ: ಅವಳ ಪ್ರೀತಿಗೆ ಪರವಾನಗಿ ಸಿಗುವುದು ಅವಳು ಎರಡೂ ಮನೆಗಳ ಭಾರ ಹೊರಬಲ್ಲ ಆದರ್ಶ ಗೃಹಿಣಿಯೂ ಆಗಿರುವುದರಿಂದ. ಅಷ್ಟೊಂದು ಒಳ್ಳೆಯವಳಲ್ಲದ, ಸ್ವಲ್ಪ ಸೋಮಾರಿಯೋ ಜಿಪುಣಿಯೋ ಆದ ಐವತ್ತರ ಹೆಣ್ಣು ಮರುಮದುವೆಯಾಗುವ ಧಾರಾವಾಹಿಯನ್ನು ಯಾವ ವಾಹಿನಿ ಒಪ್ಪುತ್ತದೋ ನೋಡಬೇಕು.

ನಾಯಕಿ ಹೋದಳು, ತಾಯಿ ಉಳಿದಳು

‘ಪುಟ್ಟಕ್ಕನ ಮಕ್ಕಳು’ ಕಥೆಯಲ್ಲಿ 2024ರ ಕೊನೆಯ ಭಾಗದಲ್ಲಿ ನಡೆದ ಒಂದು ತಿರುವನ್ನು ಇಲ್ಲಿ ಗಮನಿಸಲೇಬೇಕು. ಎರಡನೆಯ ಮಗಳು ಸ್ನೇಹಾ ಧಾರಾವಾಹಿಯ ಪ್ರೇಮಕಥೆಯ ನಾಯಕಿ; ಬಂಗಾರಮ್ಮನ ಮಗ ಕಂಠಿಯನ್ನು ಮದುವೆಯಾದವಳು; ಓದಿ ಜಿಲ್ಲಾಧಿಕಾರಿಯಾದವಳು. ಆ ಪಾತ್ರವಹಿಸಿದ್ದ ಸಂಜನಾ ಬುರ್ಲಿ ಹೊರಬಂದಾಗ ಕಥೆ ಸ್ನೇಹಾಳನ್ನು ಸಾಯಿಸಿತು. ವೀಕ್ಷಕರಲ್ಲಿ ಹಲವರು ಸಿಟ್ಟಾದರು, ಆದರೂ ಧಾರಾವಾಹಿ ಮುಂದುವರಿಯಿತು. ಸಾಮಾನ್ಯವಾಗಿ ನಾಯಕಿ ಹೊರನಡೆದರೆ ವಾಹಿನಿ ಆ ಜಾಗಕ್ಕೆ ಮತ್ತೊಬ್ಬಳನ್ನು ತರುತ್ತದೆ ಅಥವಾ ಕಥೆಯನ್ನೇ ಮುಗಿಸುತ್ತದೆ. ಇಲ್ಲಿ ಪಾತ್ರವನ್ನೇ ತೆಗೆಯಲು ಸಾಧ್ಯವಾದದ್ದು, ಕಥೆಯ ಕೇಂದ್ರ ಸ್ನೇಹಾ ಅಲ್ಲದೆ ಪುಟ್ಟಕ್ಕನಾಗಿದ್ದರಿಂದ. ನಾಯಕನ ದುಃಖಕ್ಕೆ ಕಾವು ಕೊಡಲೆಂದು ತಾಯಿಯನ್ನು ಸಾಯಿಸುತ್ತಿದ್ದ ಹಳೆಯ ಸೂತ್ರ ಇಲ್ಲಿ ತಲೆಕೆಳಗಾಯಿತು: ಯುವತಿ ಸತ್ತಳು, ಅರವತ್ತು ದಾಟಿದ ನಟಿ ಕಥೆಯನ್ನು ಹೊತ್ತು ನಡೆದರು.

ಆದರೆ ಆ ವಾರಗಳ ಸಂಚಿಕೆಗಳಲ್ಲಿ ಉಮಾಶ್ರೀ ಅವರಿಗೆ ಸಿಕ್ಕ ಕೆಲಸ ಯಾವುದು ಎಂದು ನೋಡಿದರೆ, ಅದು ಮಗಳ ಶವದ ಮುಂದೆ ಅಳುವುದು. ಅಳುವ ದೃಶ್ಯವನ್ನು ಅವರಷ್ಟು ಚೆನ್ನಾಗಿ ನಿಭಾಯಿಸಬಲ್ಲವರು ಕನ್ನಡದಲ್ಲಿ ಕೆಲವರೇ ಇದ್ದಾರೆ; ಹಾಗಾಗಿಯೇ ಬರಹಗಾರರು ಆ ಬಾವಿಗೆ ಮತ್ತೆ ಮತ್ತೆ ಕೊಡ ಇಳಿಸುತ್ತಾರೆ. ಸಾಕವ್ವನಂಥ ಹಟಮಾರಿಯನ್ನು, ಗುಲಾಬಿಯಂಥ ಚಪಲದವಳನ್ನು ಅಷ್ಟೇ ಸಲೀಸಾಗಿ ಅಭಿನಯಿಸಬಲ್ಲ ಅದೇ ನಟಿಗಾಗಿ ದಿನನಿತ್ಯದ ಸಂಚಿಕೆಯಲ್ಲಿ ಅಂಥ ಒಂದು ವಾರದ ಕಥೆ ಬರೆಯಲು ಯಾವ ಅಡ್ಡಿಯಿದೆ ಎಂಬ ಪ್ರಶ್ನೆಗೆ ಟಿಆರ್‌ಪಿ ಪಟ್ಟಿಯಲ್ಲಿ ಉತ್ತರವಿಲ್ಲ, ಏಕೆಂದರೆ ಯಾರೂ ಅದನ್ನು ಇನ್ನೂ ಬರೆದು ನೋಡಿಲ್ಲ.